ಹಿಟ್ಟು ಅಂಗಡಿಯದು, ಹಣ್ಣು ಹಿತ್ತಲಿನದು

ಮಳೆ ಹಿಡಿದು ವಾರವಾಯಿತು. ಈ ಹೊತ್ತಿಗೆ ನಮ್ಮ ಬ್ರಹ್ಮಾವರ, ಕುಂದಾಪುರ, ಬೈಂದೂರು ಕಡೆಯ ಹಿತ್ತಲುಗಳಲ್ಲಿ ಕೇಳುವ ಒಂದು ಸದ್ದು ನಿಮಗೆಲ್ಲ ಗೊತ್ತಿದೆ. ರಾತ್ರಿ ಮಲಗಿದ್ದಾಗ ಮರದ ಬುಡದಲ್ಲಿ ‘ದೊಪ್’ ಅಂತ ಕೇಳುತ್ತದೆ. ಹಲಸಿನ ಹಣ್ಣು ಬಿತ್ತು ಅಂದುಕೊಂಡು ಮಗ್ಗುಲು ಬದಲಿಸುತ್ತೇವೆ. ಬೆಳಿಗ್ಗೆ ಹೋಗಿ ನೋಡಿದರೆ ಹಣ್ಣು ಒಡೆದಿರುತ್ತದೆ, ಒಳಗೆ ಮಳೆನೀರು ಸೇರಿರುತ್ತದೆ, ನೊಣ ಮುತ್ತಿರುತ್ತದೆ. ದನಕ್ಕೆ ಒಂದಿಷ್ಟು ಹಾಕಿ, ಉಳಿದದ್ದನ್ನು ಗೊಬ್ಬರದ ಗುಂಡಿಗೆ ಎಸೆದು ಬರುತ್ತೇವೆ. ತಿಂಗಳುಗಟ್ಟಲೆ ಮರ ಹೊತ್ತು ಬೆಳೆಸಿದ ಹಣ್ಣು ಒಂದೇ ರಾತ್ರಿಯಲ್ಲಿ ಹಾಳಾಗುತ್ತದೆ. ಮನೆಯಲ್ಲಿ ತಿನ್ನುವವರು ಕಡಿಮೆ, ಬಿಡಿಸುವವರು ಅದಕ್ಕಿಂತ ಕಡಿಮೆ.

ಇವತ್ತು ನಾನು ಒಂದು ಸಿಹಿತಿಂಡಿಯ ವಿಷಯ ಹೇಳಲು ಬಂದಿದ್ದೇನೆ. ಆದರೆ ಅದನ್ನು ಮಾಡಬೇಕು ಅನ್ನಿಸಿದ್ದು ಈ ಎಸೆದ ಹಣ್ಣನ್ನು ಕಂಡು ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ.

ನನ್ನ ತಮ್ಮನ ಸಂಸಾರ ದುಬೈಯಲ್ಲಿದೆ. ರಜೆಗೆ ಬಂದಿದ್ದ ಅವನ ಮಗಳು ಒಂದು ದಿನ, ‘ದೊಡ್ಡತ್ತೆ, ಇವತ್ತು ನಾನೇ ತಿಂಡಿ ಮಾಡ್ತೆ’ ಎಂದಳು. ಅಲ್ಲಿ ಅವರು ಅಂಗಡಿಯಿಂದ ಸಿದ್ಧವಾದ ಹಿಟ್ಟು ತರುತ್ತಾರಂತೆ. ಒಂದು ಸುತ್ತು ಹಿಟ್ಟನ್ನು ತಟ್ಟೆಯಲ್ಲಿ ಹಾಸುವುದು, ಅದರ ಮೇಲೆ ಕ್ರೀಮ್ ಚೀಸಿಗೆ ಸಕ್ಕರೆ ಸೇರಿಸಿ ಹರಡುವುದು, ಅದರ ಮೇಲೆ ಹಣ್ಣು, ಬೇಕಾದರೆ ಇನ್ನೊಂದು ಪದರ ಹಿಟ್ಟು. ಓವನ್‌ನಲ್ಲಿ ಅರ್ಧ ಗಂಟೆ ಬೇಯಿಸಿ, ಆರಿಸಿ, ಉದ್ದುದ್ದ ತುಂಡು ಮಾಡಿದರೆ ಆಯಿತು. ಅಲ್ಲಿ ಅದಕ್ಕೆ ಡೆಸರ್ಟ್ ಬಾರ್ ಎನ್ನುತ್ತಾರೆ. ಹದಿನಾರು ತುಂಡು, ಹದಿನಾರು ಜನಕ್ಕೆ. ಕೈಗೆ ಹಿಟ್ಟು ಮೆತ್ತುವುದಿಲ್ಲ, ಸೊಂಟ ನೋಯುವುದಿಲ್ಲ.

ನಮ್ಮತ್ತೆ ಅಡುಗೆಮನೆಯ ಬಾಗಿಲಲ್ಲಿ ಮಣೆ ಹಾಕಿಕೊಂಡು ಕೂತು ಎಲ್ಲವನ್ನೂ ನೋಡುತ್ತಿದ್ದರು. ಕೊನೆಗೆ ಕೇಳಿದರು: ‘ಇದೆಂತ ಹೆಣೆ? ಹಿಟ್ಟೂ ಅಂಗ್ಡಿದೇಯಾ? ಹಂಗಾರೆ ನೀ ಮಾಡ್ದ್ ಎಂತ?’

ಹುಡುಗಿ ನಕ್ಕು ಸುಮ್ಮನಾದಳು. ನನಗೆ ಮಾತ್ರ ಆ ಪ್ರಶ್ನೆ ಮನಸ್ಸಿನಲ್ಲಿ ಉಳಿಯಿತು. ಹಿಟ್ಟು ಅಂಗಡಿಯದು, ಚೀಸ್ ಅಂಗಡಿಯದು, ಹಣ್ಣು ಡಬ್ಬಿಯದು. ಹಾಗಾದರೆ ನಮ್ಮದು ಅನ್ನುವುದು ಅದರಲ್ಲಿ ಯಾವುದು?

ಮೊದಲು ಸಿದ್ಧ ಹಿಟ್ಟಿನ ವಿಷಯ ನೋಡೋಣ. ಅದರ ಬಗ್ಗೆ ನಮ್ಮಲ್ಲಿ ಒಂದು ಬಗೆಯ ಅಸಡ್ಡೆ ಇದೆ. ಸೋಮಾರಿಗಳ ಕೆಲಸ ಎನ್ನುವವರಿದ್ದಾರೆ. ಆದರೆ ಅದು ಇಂದು ನಿನ್ನೆಯದಲ್ಲ. ತಣ್ಣಗಿಟ್ಟು ಮಾರುವ ಬೇಕರಿ ಹಿಟ್ಟಿಗೆ ಅಮೆರಿಕದ ಕೆಂಟಕಿ ರಾಜ್ಯದ ಲೂಯಿವಿಲ್ ಊರಿನ ಲೈವ್ಲಿ ವಿಲೊಬಿ ಎಂಬ ಬೇಕರಿಯವನು 1931ರಲ್ಲಿ ಪೇಟೆಂಟ್ ಪಡೆದ. ಅದು ಅಲ್ಲಿನ ಕಥೆ. ನಮ್ಮ ಕಡೆಗೂ ಸಿದ್ಧ ಹಿಟ್ಟಿನ ಒಂದು ದೊಡ್ಡ ಕಥೆ ಇದೆ, ಅದು ಶುರುವಾಗುವುದು ನಮ್ಮ ಬ್ರಹ್ಮಾವರ ತಾಲೂಕಿನಲ್ಲೇ.

ಸಾಲಿಗ್ರಾಮದ ಪಕ್ಕ ಪಾರಂಪಳ್ಳಿ ಎಂಬ ಊರಿದೆ. ಅಲ್ಲಿಂದ ಬೆಂಗಳೂರಿಗೆ ಹೋದ ಮಯ್ಯ ಸಹೋದರರು 1924ರಲ್ಲಿ ಒಂದು ಸಣ್ಣ ಹೋಟೆಲ್ ತೆರೆದರು. ಪಾರಂಪಳ್ಳಿ ಯಜ್ಞನಾರಾಯಣ ಮಯ್ಯರ ದುಡಿಮೆಯಲ್ಲಿ ಅದು ಬೆಳೆದು, 1960ರಲ್ಲಿ ಮಾವಳ್ಳಿ ಟಿಫಿನ್ ರೂಮ್ಸ್ ಆಯಿತು, ನಾವೆಲ್ಲ ಹೇಳುವ ಎಂಟಿಆರ್. ಎರಡನೇ ಮಹಾಯುದ್ಧದ ಕಾಲದಲ್ಲಿ ಅಕ್ಕಿ ಸಿಗದೆ ಹೋದಾಗ ರವೆಯಲ್ಲಿ ಇಡ್ಲಿ ಮಾಡಿದ್ದು ತಾವೇ ಎಂದು ಅವರು ಹೇಳುತ್ತಾರೆ. 1975ರ ತುರ್ತು ಪರಿಸ್ಥಿತಿಯಲ್ಲಿ ಹೋಟೆಲ್ ತಿಂಡಿಗೆ ಸರಕಾರ ತೀರ ಕಡಿಮೆ ದರ ಗೊತ್ತು ಮಾಡಿತು. ಗುಣ ಕೆಡಿಸಿ ಮಾರಲು ಮನಸ್ಸಿಲ್ಲದೆ ಹೋಟೆಲ್ ಬಾಗಿಲು ಹಾಕಬೇಕಾಯಿತು. ಆಗ ಅವರು ಕೈಹಿಡಿದದ್ದು ಸಿದ್ಧ ಹಿಟ್ಟು ಮತ್ತು ಪುಡಿಗಳ ವ್ಯಾಪಾರವನ್ನು. ಹೋಟೆಲಿನ ರುಚಿ ಪೊಟ್ಟಣದಲ್ಲಿ ಕಟ್ಟಿ ಮನೆಮನೆಗೆ ಹೋಯಿತು. ಇವತ್ತು ಜಾಮೂನು ಪುಡಿಯ ಪೊಟ್ಟಣ ಒಡೆದು ಹಾಲು ಹಾಕಿ ಕಲಸುವಾಗ ನಮಗೆ ಯಾರಿಗೂ ಸಂಕೋಚ ಇಲ್ಲ. ‘ನಾನೇ ಮಾಡಿದ ಜಾಮೂನು’ ಅಂತಲೇ ನೆಂಟರಿಗೆ ಬಡಿಸುತ್ತೇವೆ. ಹಾಗಿರುವಾಗ ಪಫ್ಸ್ ಹಾಳೆ ತಂದು ತಿಂಡಿ ಮಾಡಿದರೆ ಮಾತ್ರ ತಪ್ಪು ಹೇಗಾದೀತು?

ನಮ್ಮ ಅಜ್ಜಿಯಂದಿರೂ ಸಿದ್ಧ ಸಾಮಾನು ಇಟ್ಟುಕೊಂಡೇ ಬದುಕಿದವರು. ಅದು ಅಂಗಡಿಯಲ್ಲಿ ಇರಲಿಲ್ಲ, ಅಟ್ಟದ ಮೇಲೆ ಇತ್ತು. ಬೇಸಗೆಯಲ್ಲಿ ಹಚ್ಚಿಟ್ಟ ಹಲಸಿನ ಹಪ್ಪಳ, ಭರಣಿಯಲ್ಲಿ ಉಪ್ಪಿನಲ್ಲಿ ಮುಳುಗಿಸಿಟ್ಟ ಸೊಳೆ, ಬಿಸಿಲಿಗೆ ಪದರ ಪದರವಾಗಿ ಒಣಗಿಸಿದ ಮಾವಿನ ಮಾಂಬಳ, ಬೆಲ್ಲದಲ್ಲಿ ಕಾಯಿಸಿ ಗಟ್ಟಿ ಮಾಡಿಟ್ಟ ಹಲಸಿನ ಹಣ್ಣಿನ ಪಾಕ. ಸೌದೆ ಒದ್ದೆಯಾಗಿ ತರಕಾರಿ ಸಿಗದ ಮಳೆಗಾಲದಲ್ಲಿ ಕೈಗೆ ಬರುತ್ತಿದ್ದದ್ದು ಇದೇ. ಮುಂದಿನ ದಿನದ ಆಯಾಸ ಇಳಿಸುವುದಕ್ಕಾಗಿ ಇವತ್ತೇ ಅರ್ಧ ಕೆಲಸ ಮುಗಿಸಿಡುವುದು ಅಡುಗೆಯವರ ಜಾಣತನ. ಆ ಅರ್ಧ ಕೆಲಸವನ್ನು ಈಗ ಬೇಕರಿಯವರು ಮಾಡಿಕೊಟ್ಟರೆ ಅದನ್ನು ಸ್ವೀಕರಿಸುವುದರಲ್ಲಿ ಅವಮಾನವಿಲ್ಲ. ಉಳಿದ ಅರ್ಧವನ್ನು ನಾವು ಹೇಗೆ ತುಂಬುತ್ತೇವೆ ಎಂಬುದರಲ್ಲಿ ನಮ್ಮ ಮರ್ಯಾದೆ ಇದೆ.

ಇನ್ನು, ಬೇಯಿಸಿ ಆರಿಸಿ ತುಂಡು ಮಾಡಿ ಹಂಚುವ ಸಿಹಿ ನಮಗೆ ಹೊಸದೇ? ಹಾಲ್‌ಬಾಯಿ ನೆನಪು ಮಾಡಿಕೊಳ್ಳಿ. ಅಕ್ಕಿ ನೆನೆಸಿ, ತೆಂಗಿನಕಾಯಿಯ ಜೊತೆ ನುಣ್ಣಗೆ ಅರೆದು, ಬೆಲ್ಲ ಹಾಕಿ ತಳ ಹಿಡಿಯದಂತೆ ಕಾಯಿಸುವುದು. ಸಟ್ಟುಗ ತಿರುಗಿಸಿ ತಿರುಗಿಸಿ ರಟ್ಟೆ ಸೋಲುತ್ತದೆ. ಹಿಟ್ಟು ಬಾಣಲೆಯ ಅಂಚು ಬಿಟ್ಟು ಒಂದೇ ಮುದ್ದೆಯಾಗಿ ಹೊರಳಿದಾಗ, ಬಾಡಿಸಿದ ಬಾಳೆಲೆಗೋ ತುಪ್ಪ ಸವರಿದ ಹರಿವಾಣಕ್ಕೋ ಸುರಿದು ತಟ್ಟುತ್ತಾರೆ. ಆರಿದ ಮೇಲೆ ಚಾಕುವಿಗೆ ತುಪ್ಪ ಹಚ್ಚಿ ಓರೆ ಗೆರೆ ಎಳೆದರೆ ವಜ್ರದಾಕಾರದ ತುಂಡುಗಳು. ನಡುವಿನ ತುಂಡು ದೊಡ್ಡವರಿಗೆ, ಅಂಚಿನ ಮೂಲೆಗಳು ಕಾದು ಕೂತ ಮಕ್ಕಳಿಗೆ.

ಗಿಣ್ಣು ಇನ್ನೂ ಹತ್ತಿರದ್ದು. ಕರು ಹಾಕಿದ ದನದ ಮೊದಲ ಹಾಲಿಗೆ ಬೆಲ್ಲ, ಏಲಕ್ಕಿ ಹಾಕಿ ಹಬೆಯಲ್ಲಿಟ್ಟರೆ ತಾನಾಗಿಯೇ ಹೆಪ್ಪುಗಟ್ಟುತ್ತದೆ. ಮೊಟ್ಟೆ ಬೇಡ, ಹಿಟ್ಟು ಬೇಡ. ಆ ಹಾಲಿನಲ್ಲಿ ಸಸಾರಜನಕದ ಅಂಶ ಹೆಚ್ಚು, ಬಿಸಿ ತಾಗಿದೊಡನೆ ಅದು ಕಟ್ಟಿಕೊಳ್ಳುತ್ತದೆ. ಹೊರದೇಶದವರು ಚೀಸಿಗೆ ಮೊಟ್ಟೆ ಒಡೆದು ಹಾಕಿ ಓವನ್‌ನಲ್ಲಿ ಇಡುವುದೂ ಇದೇ ಕೆಲಸಕ್ಕೆ. ಗಿಣ್ಣಿನ ತುಂಡು ತಿಂದ ನಾಲಿಗೆಗೆ ಚೀಸಿನ ಬಾರ್ ಪರಕೀಯ ಅನ್ನಿಸುವುದಿಲ್ಲ.

ಓವನ್ ಕೂಡ ಅಷ್ಟೇ. ಉಡುಪಿ ಕಡೆಯ ಮನೆಗಳಲ್ಲಿ ಕೆಂಡದಡ್ಯೆ ಅಂತ ಮಾಡುವುದಿತ್ತು. ಬಾಣಲೆಗೆ ಬಾಳೆಲೆ ಹಾಸಿ, ಹಿಟ್ಟು ಹೊಯ್ದು, ಮುಚ್ಚಳದ ಮೇಲೂ ಕೆಂಡ, ಕೆಳಗೂ ಕೆಂಡ. ಮೇಲಿನಿಂದಲೂ ಕೆಳಗಿನಿಂದಲೂ ಒಣ ಬಿಸಿ ಕೊಡುವುದನ್ನೇ ಅಲ್ಲವೇ ಈಗ ಕರೆಂಟಿನ ಪೆಟ್ಟಿಗೆ ಮಾಡುತ್ತಿರುವುದು?

ಇಷ್ಟೇ ಅಲ್ಲ, ನಮ್ಮ ಊರಿನ ಮಕ್ಕಳು ಬೇಕರಿ ಕೆಲಸದಲ್ಲಿ ನುರಿತವರು. ಬೆಂಗಳೂರಿನ ಯಾವುದಾದರೂ ಬೀದಿಯ ಬೇಕರಿಯ ಮುಂದೆ ನಿಂತು ಒಂದು ಬನ್ನು, ಒಂದು ಟೀ ಹೇಳಿ ನೋಡಿ. ಒಳಗಿನಿಂದ ಕುಂದಾಪ್ರ ಕನ್ನಡ ಕೇಳುವುದು ಅಪರೂಪವಲ್ಲ. ಬೈಂದೂರು, ಕುಂದಾಪುರ ಕಡೆಯ ಎಷ್ಟೋ ಕುಟುಂಬಗಳ ಒಲೆ ಉರಿಯುತ್ತಿರುವುದು ಆ ಬೇಕರಿಗಳ ಒಲೆಯಿಂದ. ಅಲ್ಲಿ ಸಿಗುವ ದಿಲ್‌ಪಸಂದ್ ಏನು? ಪದರದ ಹಿಟ್ಟಿನ ನಡುವೆ ತೆಂಗಿನ ತುರಿ, ಸಕ್ಕರೆ, ಪಪ್ಪಾಯಿ ಕಾಯಿಂದ ಮಾಡಿದ ಟೂಟಿ ಫ್ರೂಟಿ. ಹಣ್ಣು ತುಂಬಿ ಬೇಯಿಸಿ ತುಂಡು ಮಾಡುವ ತಿಂಡಿಯನ್ನು ನಮ್ಮ ಹುಡುಗರು ದಿನಾ ಬೆಳಿಗ್ಗೆ ರಾಜ್ಯಕ್ಕೆಲ್ಲ ಹಂಚುತ್ತಿದ್ದಾರೆ. ಅವರ ತಾಯಂದಿರ ಅಡುಗೆಮನೆಗೆ ಅದು ಇನ್ನೂ ಬಂದಿಲ್ಲ, ಅಷ್ಟೆ.

ಸರಿ, ಈಗ ಕೆಲಸಕ್ಕೆ ಇಳಿಯೋಣ. ಪೆನ್ನು ಕಾಗದ ಇದ್ದರೆ ಬರೆದುಕೊಳ್ಳಿ. ಎಂಟು ಇಂಚು ಉದ್ದಗಲದ ಒಂದು ಚೌಕ ತಟ್ಟೆಗೆ, ಹದಿನಾರು ತುಂಡಿಗೆ ಈ ಅಳತೆ.

ಹಿಟ್ಟು ಸುಮಾರು 300 ಗ್ರಾಂ. ದೊಡ್ಡ ಪೇಟೆಯ ಅಂಗಡಿಗಳಲ್ಲಿ ಫ್ರೀಜ್ ಮಾಡಿದ ಪಫ್ ಹಾಳೆ ಸಿಗುತ್ತದೆ. ನಮ್ಮಲ್ಲಿ ಸಿಗದಿದ್ದರೆ ಪರಿಚಯದ ಬೇಕರಿಯವರನ್ನು ಹಿಂದಿನ ದಿನವೇ ಕೇಳಿ, ಬೇಯಿಸದ ಹಾಳೆ ಕೊಡುತ್ತಾರೆ. ಈ ಹಿಟ್ಟಿನ ಗುಟ್ಟು ಅದರ ಮಡಿಕೆಯಲ್ಲಿದೆ. ಮೈದಾ ಹಿಟ್ಟಿನ ಪದರ, ಜಿಡ್ಡಿನ ಪದರ, ಮತ್ತೆ ಹಿಟ್ಟು, ಮತ್ತೆ ಜಿಡ್ಡು, ಹೀಗೆ ಮಡಚಿ ಲಟ್ಟಿಸಿರುತ್ತಾರೆ. ಬಿಸಿ ಓವನ್‌ಗೆ ಹೋದಾಗ ಹಿಟ್ಟಿನೊಳಗಿನ ನೀರು ಹಬೆಯಾಗಿ ಪದರಗಳನ್ನು ಮೇಲಕ್ಕೆತ್ತುತ್ತದೆ. ಜಿಡ್ಡು ಮೊದಲೇ ಕರಗಿಬಿಟ್ಟರೆ ಪದರಗಳೆಲ್ಲ ಅಂಟಿಕೊಂಡು ಹಿಟ್ಟು ಮೇಲೇಳುವುದೇ ಇಲ್ಲ. ನಮ್ಮ ಕರಾವಳಿಯ ಸೆಕೆಗೆ ಇದು ದೊಡ್ಡ ಕಷ್ಟ. ಆದುದರಿಂದ ಬೆಳಿಗ್ಗೆ ಬೇಗ, ಇಲ್ಲವೇ ಮಳೆ ಬಂದು ತಂಪಾದ ಹೊತ್ತಿನಲ್ಲಿ ಮಾಡಿ. ಬೇಕಾದಾಗ ಮಾತ್ರ ಹಾಳೆಯನ್ನು ಫ್ರಿಜ್‌ನಿಂದ ತೆಗೆಯಿರಿ. ಮಳೆಗಾಲದಲ್ಲಿ ಕರೆಂಟಿನ ಭರವಸೆ ಇಲ್ಲ, ಎರಡು ದಿನಕ್ಕೆಂದು ಹಿಟ್ಟು ತಂದಿಡಬೇಡಿ.

ಇನ್ನೊಂದು ಎಚ್ಚರಿಕೆ. ಪೊಟ್ಟಣದ ಹಿಟ್ಟು ಕೊಳ್ಳುವಾಗ ಹಿಂಬದಿ ಓದಿ. ಬೆಣ್ಣೆ ಹಾಕಿದ್ದೋ ವನಸ್ಪತಿ ಹಾಕಿದ್ದೋ ನೋಡಿ. ಎಣ್ಣೆ, ಕೊಬ್ಬುಗಳಲ್ಲಿ ಟ್ರಾನ್ಸ್ ಕೊಬ್ಬು ನೂರಕ್ಕೆ 2 ಪಾಲು ಮೀರಬಾರದು ಎಂಬ ನಿಯಮ ನಮ್ಮ ದೇಶದಲ್ಲಿ 2022ರ ಜನವರಿಯಿಂದ ಜಾರಿಯಲ್ಲಿದೆ. ಹೃದಯಕ್ಕೆ ಕೆಡುಕು ಮಾಡುವ ಕೊಬ್ಬು ಅದು. ಓದಿ ಕೊಳ್ಳುವ ಗಿರಾಕಿ ಇದ್ದರೆ ಮಾರುವವರೂ ಎಚ್ಚರವಾಗಿರುತ್ತಾರೆ.

ಇನ್ನು ಕ್ರೀಮ್ ಚೀಸ್. ಅಮೆರಿಕದ ನ್ಯೂಯಾರ್ಕ್ ರಾಜ್ಯದ ಹಾಲಿನವರು 1870ರ ದಶಕದಲ್ಲಿ ಇದನ್ನು ಕಾರ್ಖಾನೆಯಲ್ಲಿ ಮಾಡತೊಡಗಿದರು. ಹಾಲಿಗೆ ಕೆನೆ ಸೇರಿಸಿ, ಹುಳಿ ಹಾಕಿ ಒಡೆಸಿ, ನೀರು ಬಸಿದ ಮೆತ್ತನೆಯ ಮುದ್ದೆ ಅದು. ಅಲ್ಲಿನ ನಿಯಮದ ಪ್ರಕಾರ ನೂರಕ್ಕೆ 33 ಪಾಲು ಹಾಲಿನ ಕೊಬ್ಬು ಇರಲೇಬೇಕು. ನಮ್ಮ ಪೇಟೆಯಲ್ಲಿ ಇದು ದುಬಾರಿ, ಸಿಗುವುದೂ ಕಷ್ಟ. ಅದರ ಬದಲಿಗೆ ಮೊಸರು ಕಟ್ಟಿ.

ಉಪ್ಪೂರಿನ ಡೈರಿಗೆ ನಮ್ಮದೇ ಹಳ್ಳಿಗಳ ಸೊಸೈಟಿಗಳಿಂದ ಹಾಲು ಹೋಗುತ್ತದೆ. ಮೊಸರಿಗೆ ನಾವು ದೂರ ಹೋಗಬೇಕಾಗಿಲ್ಲ. ಒಂದು ಕೆ.ಜಿ. ಹುಳಿಯಿಲ್ಲದ ಗಟ್ಟಿ ಮೊಸರನ್ನು ತೆಳು ಬಟ್ಟೆಯಲ್ಲಿ ಗಂಟು ಕಟ್ಟಿ, ಕೆಳಗೆ ಪಾತ್ರೆ ಇಟ್ಟು, ಫ್ರಿಜ್‌ನಲ್ಲಿ ಒಂದು ರಾತ್ರಿ ಇಡಿ. ಬೆಳಿಗ್ಗೆ ಸುಮಾರು 400 ಗ್ರಾಂ ಬೆಣ್ಣೆಯಂತಹ ಗಟ್ಟಿ ಮೊಸರು ಸಿಗುತ್ತದೆ. ಶ್ರೀಖಂಡ ಮಾಡುವವರಿಗೆ ಇದು ಗೊತ್ತು. ಬಸಿದ ನೀರು ಚೆಲ್ಲಬೇಡಿ, ಚಪಾತಿ ಹಿಟ್ಟು ಕಲಸಲು ಬಳಸಿ. ಈ ಮೊಸರಿಗೆ ಮನೆಯ ಹಾಲಿನ ಕೆನೆ ನಾಲ್ಕು ಚಮಚ, 200 ಗ್ರಾಂ ಮಿಲ್ಕ್‌ಮೇಡ್, ಒಂದೂವರೆ ದೊಡ್ಡ ಚಮಚ ಕಾರ್ನ್ ಫ್ಲೋರ್, ಏಲಕ್ಕಿ ಪುಡಿ, ಒಂದು ಚಿಟಿಕೆ ಉಪ್ಪು ಹಾಕಿ ಗಂಟಿಲ್ಲದಂತೆ ಕಲಸಿ. ತುಂಬ ಹೊತ್ತು ಕಡೆಯಬೇಡಿ, ಗಾಳಿ ಸೇರಿದರೆ ಬೇಯುವಾಗ ಉಬ್ಬಿ ಆಮೇಲೆ ಬಿರುಕು ಬಿಡುತ್ತದೆ. ಮೊಟ್ಟೆ ಇಲ್ಲದೆಯೇ ಇದು ಚೆನ್ನಾಗಿ ಕಟ್ಟಿಕೊಳ್ಳುತ್ತದೆ.

ಈಗ ಹಣ್ಣು. ನಾನು ಮೊದಲ ಸಲ ಮಾಡಿದಾಗ ಮೆತ್ತನೆಯ ತುಳುವ ಹಲಸಿನ ಹಣ್ಣನ್ನು ಹಿಂಡಿ ರಸವನ್ನು ಹಾಗೇ ಸುರಿದೆ. ತಟ್ಟೆ ಹೊರಗೆ ಬಂದಾಗ ಮೇಲ್ಗಡೆ ಚೆನ್ನಾಗಿಯೇ ಕಂಡಿತು. ಕತ್ತರಿಸಿ ಎತ್ತಿದರೆ ತಳದ ಹಿಟ್ಟು ಒದ್ದೆ ಬಟ್ಟೆಯಂತೆ ಜೋತುಬಿತ್ತು. ತಪ್ಪು ಎಲ್ಲಿ ಎಂದು ಆಗ ಗೊತ್ತಾಯಿತು. ತುಳುವ ಹಣ್ಣು ಕಡುಬಿಗೆ, ಗಟ್ಟಿಗೆ, ಮುಳ್ಕಕ್ಕೆ ಒಳ್ಳೆಯದು. ಈ ತಿಂಡಿಗೆ ಗಟ್ಟಿ ಸೊಳೆಯ ಬಕ್ಕೆ ಹಣ್ಣೇ ಬೇಕು, ಅದೂ ನೀರು ಆರುವ ತನಕ ಕಾಯಿಸಿದ್ದು.

ಅಂಗಳದಲ್ಲಿ ಹಳೇ ಪೇಪರು ಹಾಸಿ, ಮೆಟ್ಟುಕತ್ತಿಗೂ ಕೈಗೂ ತೆಂಗಿನೆಣ್ಣೆ ಸವರಿಕೊಂಡು ಕೂರಿ. ಹಣ್ಣು ಸೀಳಿದಾಗ ಒಸರುವ ಮೇಣವನ್ನು ಒಂದು ಕಡ್ಡಿಗೆ ಸುತ್ತಿ ತೆಗೆಯಿರಿ. ಸೊಳೆ ಬಿಡಿಸುವ ಕೆಲಸಕ್ಕೆ ಮಕ್ಕಳನ್ನು ಕರೆಯಿರಿ, ಅರ್ಧ ಸೊಳೆ ಅವರ ಬಾಯಿಗೆ ಹೋದರೂ ನಷ್ಟವಿಲ್ಲ. ಇಪ್ಪತ್ತರಿಂದ ಇಪ್ಪತ್ತೈದು ಸೊಳೆ ಬೀಜ ತೆಗೆದು ಸಣ್ಣಗೆ ಹೆಚ್ಚಿದರೆ ಎರಡು ಕಪ್ಪಿನಷ್ಟಾಗುತ್ತದೆ. ಬಾಣಲೆಯಲ್ಲಿ ಎರಡು ಚಮಚ ತುಪ್ಪ ಬಿಸಿ ಮಾಡಿ ಹಣ್ಣನ್ನು ಬಾಡಿಸಿ. ಮೆತ್ತಗಾದ ಮೇಲೆ ಅರ್ಧ ಕಪ್ ಬೆಲ್ಲದ ಪುಡಿ ಹಾಕಿ ಸಣ್ಣ ಉರಿಯಲ್ಲಿ ಕಾಯಿಸಿ. ಸಟ್ಟುಗದಿಂದ ಬಾಣಲೆಯ ತಳದಲ್ಲಿ ಗೆರೆ ಎಳೆದರೆ ಆ ಗೆರೆ ಒಂದು ಕ್ಷಣ ಹಾಗೇ ನಿಲ್ಲಬೇಕು. ಆಗ ಇಳಿಸಿ ಪೂರ್ತಿ ಆರಲು ಬಿಡಿ. ಬೀಜ ಎಸೆಯಬೇಡಿ ಎಂದು ನಿಮಗೆ ನಾನು ಹೇಳಬೇಕಾಗಿಲ್ಲ, ನಾಳೆಯ ಸಾಂಬಾರಿಗೆ ಅದು ಇದ್ದೇ ಇದೆ.

ಓವನ್ ಅನ್ನು 200 ಡಿಗ್ರಿಗೆ ಹತ್ತು ಹದಿನೈದು ನಿಮಿಷ ಮೊದಲೇ ಬಿಸಿ ಮಾಡಿ. ತಟ್ಟೆಗೆ ಬೆಣ್ಣೆ ಕಾಗದ ಹಾಸಿ ಹಿಟ್ಟಿನ ಹಾಳೆ ಹರಡಿ. ಫೋರ್ಕಿನಿಂದ ಅಲ್ಲಲ್ಲಿ ಚುಚ್ಚಿ, ನಡುಭಾಗ ಹೆಚ್ಚು ಉಬ್ಬುವುದಿಲ್ಲ. ಬರಿಯ ಹಿಟ್ಟನ್ನೇ ಹದಿನೈದು ನಿಮಿಷ ಬೇಯಿಸಿ. ತಳ ಒದ್ದೆಯಾಗದಿರಲು ಈ ಹೆಜ್ಜೆ ತಪ್ಪಿಸಬಾರದು. ಹೊರತೆಗೆದು ಸ್ವಲ್ಪ ಆರಿದ ಮೇಲೆ ಮೊಸರಿನ ಮಿಶ್ರಣ ಹೊಯ್ದು ಸಮ ಮಾಡಿ. ಹಲಸಿನ ಪಾಕವನ್ನು ಚಮಚ ಚಮಚವಾಗಿ ಮೇಲಿಟ್ಟು, ಚಾಕುವಿನ ತುದಿಯಿಂದ ಸುಳಿ ಎಳೆಯಿರಿ. ನಮ್ಮ ಗೇರುಬೀಜದ ಚೂರು ಒಂದು ಹಿಡಿ ಮೇಲೆ ಉದುರಿಸಿ. ಉರಿಯನ್ನು 180ಕ್ಕೆ ಇಳಿಸಿ 25ರಿಂದ 30 ನಿಮಿಷ ಬೇಯಿಸಿ. ಅಂಚು ಗಟ್ಟಿಯಾಗಿ, ತಟ್ಟೆ ಅಲ್ಲಾಡಿಸಿದಾಗ ನಡು ಮಾತ್ರ ಗಿಣ್ಣಿನ ಹಾಗೆ ತುಸು ನಡುಗಬೇಕು. ಅದೇ ಹದ.

ಇನ್ನು ತಾಳ್ಮೆಯ ಕೆಲಸ. ಬಿಸಿ ಇರುವಾಗ ಕತ್ತರಿಸಿದರೆ ಎಲ್ಲ ಹರಿದು ಹೋಗುತ್ತದೆ. ಒಂದು ಗಂಟೆ ಹೊರಗೆ ಆರಿಸಿ, ಕನಿಷ್ಠ ನಾಲ್ಕು ಗಂಟೆ ಫ್ರಿಜ್‌ನಲ್ಲಿಡಿ. ಚಾಕುವನ್ನು ಬಿಸಿನೀರಿನಲ್ಲಿ ಅದ್ದಿ, ಒರೆಸಿ, ಒಂದೊಂದು ಗೆರೆಗೂ ಹಾಗೇ ಮಾಡುತ್ತ ಕತ್ತರಿಸಿ. ಎರಡು ಮೂರು ದಿನ ಫ್ರಿಜ್‌ನಲ್ಲಿ ಕೆಡದೆ ಇರುತ್ತದೆ.

ಓವನ್ ಇಲ್ಲದವರು ಕೈಬಿಡಬೇಕಾಗಿಲ್ಲ. ದಪ್ಪ ತಳದ ಬಾಣಲೆಗೆ ಒಂದು ಇಂಚು ಉಪ್ಪೋ ಮರಳೋ ಹರಡಿ, ಮೇಲೊಂದು ಸ್ಟ್ಯಾಂಡ್ ಇಟ್ಟು, ಮುಚ್ಚಿ ಹತ್ತು ನಿಮಿಷ ಕಾಯಿಸಿದರೆ ಅದೇ ಓವನ್. ಆದರೆ ಮೇಲಿನ ಬಿಸಿ ಇಲ್ಲದ್ದರಿಂದ ಪಫ್ ಹಾಳೆ ಅದರಲ್ಲಿ ಗರಿಯಾಗುವುದಿಲ್ಲ. ಹಾಗೆ ಮಾಡುವವರು ತಳಕ್ಕೆ ಬಿಸ್ಕತ್ತು ಪುಡಿ ಬಳಸಿ. 200 ಗ್ರಾಂ ಮಾರಿ ಬಿಸ್ಕತ್ತನ್ನು ಪುಡಿ ಮಾಡಿ 100 ಗ್ರಾಂ ಕರಗಿದ ಬೆಣ್ಣೆಯಲ್ಲಿ ಕಲಸಿ ತಟ್ಟೆಗೆ ಒತ್ತಿ, ಸ್ವಲ್ಪ ಹೊತ್ತು ಫ್ರಿಜ್‌ನಲ್ಲಿಟ್ಟರೆ ತಳ ಸಿದ್ಧ.

ಈಗ ಕೆಲವರು ರೇಡಿಯೋ ಮುಂದೆ ಕೂತು ಒಂದು ಮಾತು ಅಂದುಕೊಳ್ಳುತ್ತಿರಬಹುದು. ಹಲಸಿನ ಹಣ್ಣಿಗೂ ಹಾಲಿಗೂ ಕೂಡಿಬರುವುದಿಲ್ಲ ಎಂದು ಆಯುರ್ವೇದ ಹೇಳುತ್ತದೆ, ನಮ್ಮ ಹಿರಿಯರೂ ಹೇಳುತ್ತಿದ್ದರು. ಆ ಮಾತನ್ನು ಪಾಲಿಸುವವರಿಗೆ ನಮ್ಮ ತೆಂಗು ಇದೆ. ಎರಡು ಕಪ್ ಗಟ್ಟಿ ತೆಂಗಿನ ಹಾಲಿಗೆ ಐದು ದೊಡ್ಡ ಚಮಚ ಕಾರ್ನ್ ಫ್ಲೋರ್, ಅರ್ಧ ಕಪ್ ಬೆಲ್ಲ ಸೇರಿಸಿ, ಒಲೆಯ ಮೇಲೆ ಕೈಬಿಡದೆ ತಿರುಗಿಸಿದರೆ ಐದಾರು ನಿಮಿಷದಲ್ಲಿ ಹಾಲ್‌ಬಾಯಿಯ ಹಾಗೆ ಗಟ್ಟಿಯಾಗುತ್ತದೆ. ಅದನ್ನು ಪೂರ್ತಿ ಬೇಯಿಸಿದ ತಳದ ಮೇಲೆ ಸುರಿದು, ಮೇಲೆ ಹಲಸಿನ ಪಾಕ ಹರಡಿ ತಣ್ಣಗಿಟ್ಟರೆ ಆಯಿತು. ಮತ್ತೆ ಓವನ್‌ಗೆ ಇಡುವ ಕೆಲಸವೂ ಇಲ್ಲ. ನಿಜ ಹೇಳುತ್ತೇನೆ, ನಮ್ಮ ಮನೆಯಲ್ಲಿ ಎಲ್ಲರೂ ಹೆಚ್ಚು ಮೆಚ್ಚಿದ್ದು ಈ ತೆಂಗಿನ ಹಾಲಿನದ್ದನ್ನೇ.

ಮೊಸರಿನದ್ದಕ್ಕೆ ಬೇರೆ ಹಣ್ಣೂ ಆಗುತ್ತದೆ. ಕಾಟು ಮಾವಿನ ಹಣ್ಣಿನ ರಸವನ್ನು ಬೆಲ್ಲದಲ್ಲಿ ಕಾಯಿಸಿದರೆ ಅದರ ಹುಳಿ ಸಿಹಿ ಎರಡೂ ಮೊಸರಿಗೆ ಒಪ್ಪುತ್ತದೆ. ಬಾಳೆಹಣ್ಣಾದರೆ ತುಪ್ಪದಲ್ಲಿ ಹಲ್ವದ ಹದಕ್ಕೆ ತನ್ನಿ. ಅನಾನಸು ಹಾಕುವವರು ಮಾತ್ರ ನೆನಪಿಡಿ: ಹಸಿ ಅನಾನಸು ಹಾಲಿನ ಪದಾರ್ಥಕ್ಕೆ ಬಿದ್ದರೆ ಕಹಿಯಾಗುತ್ತದೆ, ಕಟ್ಟಿಕೊಳ್ಳುವುದೂ ಇಲ್ಲ. ಹಾಲಿನ ಸಸಾರಜನಕವನ್ನು ಒಡೆಯುವ ಕಿಣ್ವ ಅದರಲ್ಲಿದೆ. ಚೆನ್ನಾಗಿ ಕುದಿಸಿದರೆ ಆ ಕಿಣ್ವ ಸಾಯುತ್ತದೆ, ಆಮೇಲೆ ಧೈರ್ಯವಾಗಿ ಬಳಸಬಹುದು. ಪಪ್ಪಾಯಿಗೂ ಇದೇ ಮಾತು.

ಇಷ್ಟೆಲ್ಲ ಹೇಳಿದ್ದು ಬಾಯಿರುಚಿಗೆ ಮಾತ್ರ ಅಲ್ಲ. ಕಾಸರಗೋಡಿನ ಕಡೆಯವರಾದ, ‘ಅಡಿಕೆ ಪತ್ರಿಕೆ’ಯ ಶ್ರೀಪಡ್ರೆಯವರು ಎಷ್ಟೋ ವರ್ಷದಿಂದ ಹಲಸಿನ ಪರವಾಗಿ ಬರೆಯುತ್ತ ಬಂದಿದ್ದಾರೆ. ಕೇರಳ 2018ರಲ್ಲಿ ಹಲಸನ್ನು ತನ್ನ ರಾಜ್ಯದ ಹಣ್ಣು ಎಂದು ಸಾರಿತು. ನಮ್ಮ ಬ್ರಹ್ಮಾವರದಲ್ಲಿಯೇ ಕೃಷಿ ಮತ್ತು ತೋಟಗಾರಿಕಾ ಸಂಶೋಧನಾ ಕೇಂದ್ರವಿದೆ, ಕೃಷಿ ವಿಜ್ಞಾನ ಕೇಂದ್ರವಿದೆ. ಹಣ್ಣು ಸಂಸ್ಕರಿಸುವ ಬಗೆ ತಿಳಿಯಬೇಕೆಂದರೆ ಅಲ್ಲಿಗೆ ಹೋಗಿ ಕೇಳಬಹುದು. ಹಲಸಿಗೆ ಬೆಲೆ ಬರಬೇಕಾದರೆ ಅದು ಹೊಸ ಹೊಸ ತಟ್ಟೆಗಳಿಗೆ ಹೋಗಬೇಕು. ಕಡುಬು ತಿನ್ನದ ಮಗು ಬಾರ್ ಎಂದರೆ ತಿನ್ನುತ್ತದೆ. ಒಮ್ಮೆ ಆ ರುಚಿ ಹಿಡಿದರೆ, ಮುಂದಿನ ವರ್ಷ ಅದೇ ಮಗು ಕಡುಬನ್ನೂ ಕೇಳೀತು.

ಹೊಲಿಗೆಯ ಜೊತೆಗೆ, ಹಪ್ಪಳದ ಜೊತೆಗೆ ಸ್ವಸಹಾಯ ಸಂಘದ ಅಕ್ಕಂದಿರೂ ಇದನ್ನು ಮಾಡಿ ನೋಡಬಹುದು. ಒಬ್ಬರ ಮನೆಯ ಓವನ್, ಇನ್ನೊಬ್ಬರ ಮನೆಯ ಹಣ್ಣು, ಮೂರನೆಯವರ ಮನೆಯ ಮೊಸರು. ಮಾರುವುದಾದರೆ ಆಹಾರ ಸುರಕ್ಷತಾ ಪ್ರಾಧಿಕಾರದ ನೋಂದಣಿ ಮಾಡಿಸಿ, ತಯಾರಿಸಿದ ದಿನ ಬರೆದು, ತಣ್ಣಗಿಟ್ಟೇ ಮಾರಿ. ಹಾಲಿನ ತಿಂಡಿ, ನಮ್ಮ ಸೆಕೆಯಲ್ಲಿ ಹೊರಗಿಟ್ಟರೆ ಅರ್ಧ ದಿನಕ್ಕೇ ಕೆಡುತ್ತದೆ. ಅದರಲ್ಲಿ ಉದಾಸೀನ ಸಲ್ಲದು.

ಕೊನೆಗೆ ನಮ್ಮತ್ತೆಯ ವಿಷಯ. ಮೂರನೇ ಸಲ, ಬಕ್ಕೆ ಹಣ್ಣು ಹಾಕಿ, ಮೊಸರು ಕಟ್ಟಿ ಮಾಡಿದ ತುಂಡನ್ನು ಅವರ ಕೈಗೆ ಕೊಟ್ಟೆ. ಹಲ್ಲು ಹೋದವರು, ತಳದ ಗರಿಯನ್ನು ಸ್ವಲ್ಪ ಹೊತ್ತು ಬಾಯಲ್ಲೇ ಇಟ್ಟುಕೊಂಡರು. ಆಮೇಲೆ ಹೇಳಿದರು: ‘ಹಲ್ಸಿನ್ ಹಣ್ಣಿನ್ ರುಚಿ ಇತ್ತ್. ಇನ್ನೊಂದ್ ತುಂಡ್ ಹಾಕ್.’ ಹಿಟ್ಟು ಎಲ್ಲಿಯದು ಎಂದು ಆ ದಿನ ಅವರು ಕೇಳಲಿಲ್ಲ.

ಬಂಧುಗಳೇ, ಹಿಟ್ಟನ್ನು ಅಂಗಡಿಯಿಂದ ತನ್ನಿ, ಸಂಕೋಚ ಬೇಡ. ಉಳಿದ ಸಮಯವನ್ನೂ ರಟ್ಟೆಯ ಬಲವನ್ನೂ ಹಣ್ಣಿಗೆ ಕೊಡಿ. ಈ ವರ್ಷದ ಹಲಸು ಇನ್ನು ಕೆಲವೇ ವಾರ ಇರುತ್ತದೆ. ನಾಳೆ ಬೆಳಿಗ್ಗೆ ಮರದ ಕೆಳಗೆ ನಿಂತು ಒಮ್ಮೆ ಮೇಲೆ ನೋಡಿ. ಬೀಳಲು ಕಾಯುತ್ತಿರುವ ಹಣ್ಣು ಕಂಡರೆ ಹಗ್ಗ ಕಟ್ಟಿ ಇಳಿಸಿಕೊಳ್ಳಿ, ಬಿಡಿಸಿ, ಬೇಯಿಸಿ, ಹದಿನಾರು ತುಂಡು ಮಾಡಿ. ಎಂಟನ್ನು ಮನೆಯಲ್ಲಿಟ್ಟುಕೊಂಡು ಎಂಟನ್ನು ನೆರೆಮನೆಗೆ ಕಳಿಸಿ.